12ನೇ ನಂಬರಿನ ನೀಲಿ ಜೆರ್ಸಿ

ಮಗಳಿಗೆ ಯುವರಾಜ್ ಸಿಂಗ್ ಹೆಸರಿನ ಜೆರ್ಸಿ ತಂದೆ. 450 ರೂಪಾಯಿ. ಬಟ್ಟೆ ತೆಳು, ಬೆವರು ಬೇಗ ಆರುತ್ತದೆ. ಕತ್ತಿನ ಹೊಲಿಗೆ ಮಾತ್ರ ಎರಡನೇ ವಾರಕ್ಕೇ ಬಿಚ್ಚಿತು. ಅಂಗಡಿಯವರು ದುಡ್ಡು ಕೇಳದೆ ಹೊಲಿದು ಕೊಟ್ಟರು.

"ಯಾರಪ್ಪಾ ಇವರು?" ಎಂದಳು. ಚಿಕ್ಕ ಹುಡುಗನಾಗಿದ್ದಾಗ ಪಂಜಾಬಿ ಸಿನಿಮಾದಲ್ಲಿ ನಟಿಸಿದ್ದರು, ಬೆಳೆದು ಇಂಡಿಯಾ ಟೀಮಿಗೆ ಬಂದರು ಅಂದೆ. 2011ರ ಮಾರ್ಚ್ 6ರಂದು ನಾನು ಚಿನ್ನಸ್ವಾಮಿಯಲ್ಲಿದ್ದೆ. ಐರ್ಲೆಂಡ್ ವಿರುದ್ಧ 31 ರನ್ನಿಗೆ 5 ವಿಕೆಟ್, ಆಮೇಲೆ ಔಟಾಗದೆ 50. ವಿಶ್ವಕಪ್‌ನ ಒಂದೇ ಪಂದ್ಯದಲ್ಲಿ ಎರಡನ್ನೂ ಮಾಡಿದವರಲ್ಲಿ ಅವರೇ ಮೊದಲಿಗರು. ಆಗಲೇ ಮೈಯಲ್ಲಿ ಕಾಯಿಲೆ ಇತ್ತು ಅಂತ ನಮಗೆಲ್ಲಿ ಗೊತ್ತಿತ್ತು, ಅಲ್ವಾ? ಕ್ಯಾನ್ಸರ್ ಗೆದ್ದು ಮತ್ತೆ ಆಡಿದರು. ಹೇಳುವಾಗ ನನ್ನ ಗಂಟಲು ಕಟ್ಟಿತು.

ತಗೊಳ್ಳುವವರು ಒಂದು ಸೈಜ್ ದೊಡ್ಡದೇ ತಗೊಳ್ಳಿ. ಭುಜದ ಹತ್ತಿರ ಸ್ವಲ್ಪ ಬಿಗಿ.