ಹವಾಮಾನ ಮತ್ತು ಭೂಸ್ವರೂಪಗಳ ಕನ್ನಡ ಚಾರ್ಟ್: ಬಯಲುಸೀಮೆಯ ತರಗತಿಗೆ ಎಷ್ಟು ಹೊಂದುತ್ತದೆ?

ದಾವಣಗೆರೆಯ ಪುಸ್ತಕದಂಗಡಿಗಳಲ್ಲಿ ಶಾಲೆಗಳಿಗೆಂದು ಮಾರುವ ಗೋಡೆ ಚಾರ್ಟುಗಳ ನಡುವೆ ಎರಡು ಹಾಳೆಗಳ ಒಂದು ಜೋಡಿ ಸಿಗುತ್ತದೆ. ಮೊದಲ ಹಾಳೆಯಲ್ಲಿ ಮಂಜು, ಇಬ್ಬನಿ, ಗಾಳಿ, ಮಳೆ ಮುಂತಾದ ಹವಾಮಾನದ ಪದಗಳಿದ್ದರೆ ಎರಡನೆಯದರಲ್ಲಿ ಬೆಟ್ಟ, ಕಣಿವೆ, ಪ್ರಸ್ಥಭೂಮಿ ಮುಂತಾದ ಭೂಸ್ವರೂಪಗಳಿವೆ. ಪ್ರತಿ ಚಿತ್ರದ ಕೆಳಗೆ ಕನ್ನಡ ಪದ, ಅದರಡಿ ಒಂದು ಸಾಲಿನ ವಿವರಣೆ. ಚಿತ್ರದುರ್ಗ ತಾಲ್ಲೂಕಿನ ನಮ್ಮ ಶಾಲೆಗೆ ಇದನ್ನು ತರಿಸಿ ಐದರಿಂದ ಏಳನೆಯ ತರಗತಿಯ ಮಕ್ಕಳೊಂದಿಗೆ ಬಳಸುತ್ತಿದ್ದೇವೆ. ಇದೇ ಬಗೆಯ ಚಾರ್ಟುಗಳನ್ನು ಹಲವರು ಮುದ್ರಿಸುವುದರಿಂದ ಪ್ರಕಾಶಕರ ಹೆಸರಿಗಿಂತ ಒಳಗಿನ ವಿಷಯವನ್ನು ನೋಡಿ ಕೊಳ್ಳುವುದು ಲೇಸು.

ಮುದ್ರಣದ ಬಗ್ಗೆ ದೂರಿಲ್ಲ. ಅಕ್ಷರಗಳು ಕೊನೆಯ ಸಾಲಿನ ಮಕ್ಕಳಿಗೂ ಕಾಣುತ್ತವೆ, ಪ್ಲಾಸ್ಟಿಕ್ ಹೊದಿಕೆಯನ್ನು ಒದ್ದೆ ಬಟ್ಟೆಯಲ್ಲಿ ಒರೆಸಬಹುದು.

ಹವಾಮಾನದ ಹಾಳೆಯಲ್ಲಿ ನನಗೆ ಅತ್ಯಂತ ಮೆಚ್ಚುಗೆಯಾದದ್ದು ಬಿಸಿಲ್ಗುದುರೆಯ ಚಿತ್ರ. ಕಾದ ಡಾಂಬರು ರಸ್ತೆಗೆ ತಾಗಿದ ಗಾಳಿ ಮೇಲಿನ ಗಾಳಿಗಿಂತ ಬಿಸಿಯೂ ವಿರಳವೂ ಆಗಿರುವುದರಿಂದ ಆಕಾಶದ ಬೆಳಕು ಅಲ್ಲಿ ಬಾಗಿ ನಮ್ಮ ಕಣ್ಣಿಗೆ ಬರುತ್ತದೆ, ನಾವು ಅದನ್ನು ನೀರೆಂದು ಭ್ರಮಿಸುತ್ತೇವೆ ಎಂಬುದನ್ನು ಬಾಣದ ಗುರುತುಗಳಿಂದ ಸರಿಯಾಗಿ ತೋರಿಸಿದ್ದಾರೆ. ಹಿರಿಯೂರಿನಿಂದ ದಾವಣಗೆರೆಯವರೆಗೆ ರಾಷ್ಟ್ರೀಯ ಹೆದ್ದಾರಿ 48ರಲ್ಲಿ ಬೇಸಿಗೆಯ ಮಧ್ಯಾಹ್ನ ಬಸ್ಸಿನ ಮುಂದಿನ ಸೀಟಿನಲ್ಲಿ ಕುಳಿತ ಪ್ರತಿ ಮಗುವೂ ಇದನ್ನು ಕಂಡಿರುತ್ತದೆ. ಆದ್ದರಿಂದಲೇ ಆ ಪಾಠ ಬೇಗ ಮನಸ್ಸಿಗೆ ಹತ್ತಿತು.

ಗಾಳಿಯ ಸಾಲೂ ಚೆನ್ನಾಗಿದೆ. ಸುಳಿಗಾಳಿ, ಸುಂಟರಗಾಳಿ, ಚಂಡಮಾರುತ ಎಂಬ ಮೂರನ್ನೂ ಒಂದೇ ಎಂದು ಬಗೆಯುವ ರೂಢಿ ಪತ್ರಿಕೆಗಳಲ್ಲೂ ಕಾಣುವುದರಿಂದ ಈ ಮೂರು ಚಿತ್ರಗಳು ಅಕ್ಕಪಕ್ಕ ಇರುವುದು ಬಹಳ ಉಪಯುಕ್ತ. ಚಳ್ಳಕೆರೆ ಕಡೆಯ ಬಯಲಿನಲ್ಲಿ ಮಾರ್ಚ್-ಏಪ್ರಿಲ್‌ನ ಮಧ್ಯಾಹ್ನ ತರಗೆಲೆ, ಧೂಳುಗಳನ್ನು ಎತ್ತಿಕೊಂಡು ತಿರುಗುವ ಸುಳಿಗಾಳಿ ಕಾದ ನೆಲದಿಂದ ಮೇಲೇಳುತ್ತದೆ, ಅದಕ್ಕೆ ಮೋಡ ಬೇಕಿಲ್ಲ. ಸುಂಟರಗಾಳಿ ಮೋಡದ ತಳದಿಂದ ಕೆಳಗಿಳಿಯುತ್ತದೆ. ಚಂಡಮಾರುತವಾದರೋ ಸಮುದ್ರದ ಮೇಲೆ ಹುಟ್ಟಿ ನೂರಾರು ಕಿಲೋಮೀಟರ್ ಹರಡುವಂಥದ್ದು. ಬಂಗಾಳ ಕೊಲ್ಲಿಯಲ್ಲಿ ಎದ್ದ ಚಂಡಮಾರುತ ದಡ ಮುಟ್ಟಿದಾಗ ಹಿಂಗಾರಿನ ದಿನಗಳಲ್ಲಿ ನಮ್ಮಲ್ಲಿಗೆ ಬರುವುದು ಮೋಡ ಮುಸುಕಿದ ಹಗಲು ಮತ್ತು ಜಡಿಮಳೆ ಮಾತ್ರ.

ತೊಡಕಿರುವುದು ಮಂಜಿನ ಸಾಲಿನಲ್ಲಿ. ಇಬ್ಬನಿಯನ್ನು ಆಕಾಶದಿಂದ ಸುರಿಯುವ ಹನಿಗಳಂತೆ ಬರೆದಿದ್ದಾರೆ. ನಿಜದಲ್ಲಿ ಅದು ಮೇಲಿನಿಂದ ಬೀಳುವುದಿಲ್ಲ: ಮೋಡವಿಲ್ಲದ, ಗಾಳಿಯಾಡದ ರಾತ್ರಿ ನೆಲ, ಹುಲ್ಲು, ಎಲೆಗಳು ತಮ್ಮ ಶಾಖವನ್ನು ಕಳೆದುಕೊಂಡು ತಣ್ಣಗಾದಾಗ ಅವುಗಳಿಗೆ ತಾಗಿದ ಗಾಳಿಯ ತೇವವೇ ಅಲ್ಲಿ ಹನಿಗಟ್ಟುತ್ತದೆ. ಮಂಜು ಎಂದರೆ ನೆಲದ ಹತ್ತಿರದ ಗಾಳಿಯಲ್ಲಿ ತೇಲುವ ಅತಿ ಸಣ್ಣ ನೀರಹನಿಗಳು. ಅದರಿಂದಾಗಿ ಒಂದು ಕಿಲೋಮೀಟರಿಗಿಂತ ದೂರದ ವಸ್ತು ಕಾಣದಂತಾದರೆ ಹವಾಮಾನ ಶಾಸ್ತ್ರ ಅದನ್ನು ಮಂಜೆಂದು ಲೆಕ್ಕಕ್ಕೆ ತೆಗೆದುಕೊಳ್ಳುತ್ತದೆ. ಚಾರ್ಟಿನಲ್ಲಿ ಮಂಜಿನ ಚಿತ್ರಕ್ಕೆ ಹಿಮ ಮುಚ್ಚಿದ ದೇವದಾರು ಮರಗಳನ್ನು ಹಾಕಿರುವುದರಿಂದ, ಡಿಸೆಂಬರಿನ ಬೆಳಿಗ್ಗೆ ಚಿತ್ರದುರ್ಗದ ಬಳಿಯ ಜೋಗಿಮಟ್ಟಿ ಬೆಟ್ಟದ ತಲೆಯನ್ನು ಮರೆಮಾಡುವ ಮಂಜನ್ನು ಕಂಡ ಮಕ್ಕಳು ಇದು ಬೇರೆಯೇನೋ ಇರಬೇಕೆಂದು ಗೊಂದಲಕ್ಕೆ ಬಿದ್ದರು. ರೈತರ ಮನೆಯ ಮಕ್ಕಳಿಗೆ ಈ ಭೇದ ಬರಿಯ ಪಾಠವಲ್ಲ: ಈರುಳ್ಳಿ, ಶೇಂಗಾ ಎಲೆಗಳ ಮೇಲೆ ತೇವ ಬಹಳ ಹೊತ್ತು ನಿಂತರೆ ಶಿಲೀಂಧ್ರ ರೋಗಗಳು ಹರಡುತ್ತವೆಂದು ಮನೆಯಲ್ಲಿ ಹಿರಿಯರು ಆಡುವ ಮಾತನ್ನು ಅವರು ಕೇಳಿಯೇ ಇರುತ್ತಾರೆ.

ಆಲಿಕಲ್ಲನ್ನೂ ಚಳಿಗಾಲದ ಚೌಕದಲ್ಲಿ ಹಿಮದ ಪಕ್ಕ ಕೂರಿಸಿದ್ದಾರೆ. ನಮ್ಮಲ್ಲಿ ಅದು ಹೆಚ್ಚಾಗಿ ಏಪ್ರಿಲ್-ಮೇ ತಿಂಗಳ ಗುಡುಗು ಮಳೆಯೊಡನೆ ಬೀಳುತ್ತದೆ. ನೆಲದ ಕಾವಿನಿಂದ ಮೇಲೇರುವ ಬಲವಾದ ಗಾಳಿ ನೀರಹನಿಗಳನ್ನು ಎತ್ತರದ ಶೀತಲ ಪದರಕ್ಕೆ ಒಯ್ದು ಗಡ್ಡೆಗಟ್ಟಿಸುತ್ತದೆ. ಬೇಸಿಗೆಯ ಕಾವೇ ಆಲಿಕಲ್ಲಿಗೆ ಕಾರಣ ಎಂಬ ಈ ಸೊಗಸಾದ ಸಂಗತಿಯನ್ನು ಹೇಳುವ ಅವಕಾಶವನ್ನು ಚಾರ್ಟ್ ಕೈಬಿಟ್ಟಿದೆ.

ಎರಡನೆಯ ಹಾಳೆ ಇನ್ನೂ ದುರ್ಬಲ. ಹಿಮನದಿ, ಜ್ವಾಲಾಮುಖಿ, ಪರ್ಯಾಯ ದ್ವೀಪ ಎಲ್ಲವೂ ಇವೆ, ಇರಲಿ, ಮಕ್ಕಳು ಅವನ್ನೂ ತಿಳಿಯಬೇಕು. ಆದರೆ ದಿಣ್ಣೆ, ತಗ್ಗು, ಮಟ್ಟಿ (ಗುಡ್ಡ), ಹಳ್ಳ, ಹೊಂಡ, ಕಾವಲು (ಹುಲ್ಲುಗಾವಲು), ಎರೆ (ಕಪ್ಪು ಮಣ್ಣು), ಚೌಳು (ಉಪ್ಪು ನೆಲ) ಇವುಗಳಲ್ಲಿ ಒಂದೂ ಇಲ್ಲ. ಒಣಗಿದಾಗ ಬಿರುಕು ಬಿಟ್ಟು ಮಳೆ ಬಿದ್ದಾಗ ಉಬ್ಬಿ ಮುಚ್ಚಿಕೊಳ್ಳುವ ಎರೆ ನೆಲವನ್ನೂ, ನೀರನ್ನು ಬೇಗ ಇಂಗಿಸಿಕೊಳ್ಳುವ ಕೆಂಪು ನೆಲವನ್ನೂ ಬಿಟ್ಟು ಈ ಎರಡು ಜಿಲ್ಲೆಗಳ ಮಕ್ಕಳಿಗೆ ಭೂಮಿಯ ಮೇಲ್ಮೈಯನ್ನು ಹೇಗೆ ಕಲಿಸಬೇಕು? ಕಣಿವೆಯ ಚಿತ್ರ ಹಿಮಾಲಯದ್ದು. ವೇದಾವತಿ ಬೆಟ್ಟಸಾಲನ್ನು ಸೀಳಿಕೊಂಡು ಹರಿಯುವ ಮಾರಿಕಣಿವೆ ಹಿರಿಯೂರಿನ ಬಳಿಯೇ ಇದೆ. ಆ ಕಿರಿದಾದ ಸಂದಿಗೆ ಅಡ್ಡಲಾಗಿ 1907ರ ಹೊತ್ತಿಗೆ ಕಟ್ಟಿ ಮುಗಿಸಿದ ವಾಣಿವಿಲಾಸ ಸಾಗರ 1933ರ ನಂತರ 2022ರಲ್ಲಿ ಮತ್ತೆ ಕೋಡಿ ಬಿದ್ದಾಗ ಇಡೀ ಜಿಲ್ಲೆಯೇ ನೋಡಲು ಹೋಗಿತ್ತು. ‘ಸರೋವರ’ದ ಚಿತ್ರವಿದೆ, ‘ಕೆರೆ’ಯದಿಲ್ಲ, ಚನ್ನಗಿರಿ ತಾಲ್ಲೂಕಿನ ಸೂಳೆಕೆರೆಯನ್ನು ಕಂಡ ಮಗು ಮನುಷ್ಯರು ಕಟ್ಟಿದ ಜಲಾಶಯವನ್ನು ಯಾವ ಚೌಕದಲ್ಲಿ ಇಡಬೇಕು?

ಈ ಕೊರತೆಯನ್ನು ನಾವು ತುಂಬಿಕೊಂಡ ಬಗೆಯನ್ನು ಹೇಳುವುದು ಕೊಳ್ಳುವವರಿಗೆ ನೆರವಾಗಬಹುದು. ಮಕ್ಕಳನ್ನು ಚಿತ್ರದುರ್ಗದ ಕೋಟೆಗೆ ಕರೆದೊಯ್ದು, ಗೋಪಾಲಸ್ವಾಮಿ ಹೊಂಡ ತುಂಬಿದ ಮೇಲೆ ನೀರು ಅಕ್ಕ-ತಂಗಿ ಹೊಂಡಕ್ಕೂ ಅಲ್ಲಿಂದ ಇಳಿಜಾರಿನಲ್ಲಿ ಊರೊಳಗಿನ ಹೊಂಡಗಳ ಕಡೆಗೂ ಸಾಗುವ ದಾರಿಯನ್ನು ತೋರಿಸಿ, ಬಿಸಿಲು ಮಳೆಗಳಿಗೆ ಸಿಪ್ಪೆ ಸುಲಿದಂತೆ ಪದರ ಕಳಚಿ ದುಂಡಗಾದ ಬಂಡೆಗಳನ್ನು ಮುಟ್ಟಿಸಿ, ಅವರಿಂದಲೇ ಬಿಡಿ ಹಾಳೆಗಳಲ್ಲಿ ಚಿತ್ರ ಬರೆಸಿ ಹೆಸರು ಹಾಕಿಸಿದೆವು. ಆ ಹಾಳೆಗಳು ಈಗ ಚಾರ್ಟಿನ ಪಕ್ಕದಲ್ಲೇ ಇವೆ. ಮಕ್ಕಳು ಅಜ್ಜಿಯರನ್ನು ಕೇಳಿ ತಂದ ಪದಗಳಿಗೂ ಅಲ್ಲಿ ಜಾಗ ಕೊಟ್ಟಿದ್ದೇವೆ.

ಜೋಡಿಯ ಬೆಲೆ ಸಾಮಾನ್ಯ ಶಾಲೆಗೆ ನಿಲುಕುವಂಥದ್ದೇ. ಆದರೂ ಹಣ ಸಾಲದಿದ್ದರೆ ಹವಾಮಾನದ ಹಾಳೆಯನ್ನು ಮಾತ್ರ ಕೊಳ್ಳಿ, ಅಂಗಡಿಯವರು ಬಿಡಿಯಾಗಿಯೂ ಕೊಡುತ್ತಾರೆ. ಇಬ್ಬನಿ ಮತ್ತು ಮಂಜಿನ ಚೌಕಗಳ ಮೇಲೆ ಸರಿಯಾದ ಚಿತ್ರ ಅಂಟಿಸಿದ ಬಳಿಕವೇ ಅದನ್ನು ಗೋಡೆಗೆ ಹಾಕಿ.