ಪಾಸೋವರ್ ಬೆಳಗಿನ ಮಾಟ್ಸಾ ಬ್ರೈ: ಮೂರು ಥರದ ಮಾಟ್ಸಾ ತಂದು ಮಾಡಿ ನೋಡಿದೆ

ಮಾಟ್ಸಾ ಅಂದರೆ ಯಹೂದಿಗಳ ಪಾಸೋವರ್ ಹಬ್ಬದ, ಹುಳಿ ಬರಿಸದ ಗರಿಗರಿ ರೊಟ್ಟಿ. ಅದನ್ನು ನೆನೆಸಿ ಮೊಟ್ಟೆ ಜೊತೆ ಹುರಿದರೆ ಮಾಟ್ಸಾ ಬ್ರೈ. ಮೊದಲೇ ಹೇಳಿಬಿಡುತ್ತೇನೆ. ಮಾಟ್ಸಾ ಬ್ರೈ ಮಾಡುವುದಾದರೆ ಅಂಗಡಿಯಲ್ಲಿ ಅಗ್ಗಕ್ಕೆ ಸಿಗುವ ಸಾದಾ ಚೌಕದ ಮಾಟ್ಸಾನೇ ತನ್ನಿ. ಇಷ್ಟು ತಿಳಿಯುವುದಕ್ಕೆ ನಾನು ಎರಡು ಡಬ್ಬ ಮೊಟ್ಟೆ ಮಾಟ್ಸಾ, ಒಂದು ಪೌಂಡ್ ಕೈಯಲ್ಲಿ ಲಟ್ಟಿಸಿದ ಶ್ಮೂರಾ ಮಾಟ್ಸಾ ಖರ್ಚು ಮಾಡಿದೆ. ನಿಮ್ಮ ದುಡ್ಡಾದರೂ ಉಳಿಯಲಿ ಅಂತ ಬರೆಯುತ್ತಿದ್ದೇನೆ.

ನಾನು ಮೈಸೂರಿನವಳು. ಗಂಡನ ಮನೆಯವರು ಯಹೂದಿಗಳು. ಅವರ ಹಿರಿಯರು ಪೂರ್ವ ಯೂರೋಪಿನಿಂದ ಬಂದ ಅಶ್ಕೆನಾಜಿಗಳು. ನಾವಿರುವುದು ನ್ಯೂಜೆರ್ಸಿಯ ಹೈಲ್ಯಾಂಡ್ ಪಾರ್ಕಿನಲ್ಲಿ. ಬಹಳ ವರ್ಷ ಯುಗಾದಿ ಆಗಿ ಎರಡು ವಾರಕ್ಕೆ ಸರಿಯಾಗಿ ಪಾಸೋವರ್ ಬರುತ್ತದೆ. ಎರಡೂ ಚಂದ್ರನ ಲೆಕ್ಕದ ಹಬ್ಬಗಳೇ ಅಲ್ವಾ? 2025ರಲ್ಲಿ ಏಪ್ರಿಲ್ 12ರ ಸಂಜೆ ಶುರುವಾಯಿತು, ಅವತ್ತೇ ಚೈತ್ರ ಹುಣ್ಣಿಮೆ. ಆ ಸಲ ಅಮ್ಮ ಕೂಡ ಮೈಸೂರಿನಿಂದ ಬಂದಿದ್ದಳು.

ಗೊತ್ತಿಲ್ಲದವರಿಗೆ ಎರಡು ಮಾತು. ಇಸ್ರೇಲಿನ ಹೊರಗೆ ಈ ಹಬ್ಬ ಎಂಟು ದಿನ. ಅಷ್ಟೂ ದಿನ ಗೋಧಿ, ಬಾರ್ಲಿ, ರೈ, ಓಟ್ಸ್, ಸ್ಪೆಲ್ಟ್ ಈ ಐದು ಧಾನ್ಯಗಳಲ್ಲಿ ಮಾಡಿದ್ದು ಯಾವುದೂ ಮನೆಯಲ್ಲಿ ಇರಬಾರದು, ಮಾಟ್ಸಾ ಒಂದನ್ನು ಬಿಟ್ಟು. ಹಿಟ್ಟಿಗೆ ನೀರು ಬಿದ್ದ 18 ನಿಮಿಷದೊಳಗೆ ಲಟ್ಟಿಸಿ ಸುಟ್ಟುಬಿಟ್ಟರೆ ಮಾಟ್ಸಾ. ಅದಕ್ಕಿಂತ ತಡವಾದರೆ ಹಿಟ್ಟು ಹುಳಿ ಹಿಡಿಯಲು ಶುರುವಾಯಿತು ಅಂತ ಲೆಕ್ಕ. ನಮ್ಮ ಕಡೆಯ ಖಡಕ್ ರೊಟ್ಟಿ ತಿಂದವರಿಗೆ ಆ ಗರಿಗರಿ ಗೊತ್ತಾಗುತ್ತೆ. ಉಪ್ಪೂ ಇಲ್ಲ, ಎಣ್ಣೆಯೂ ಇಲ್ಲ.

ಅಶ್ಕೆನಾಜಿ ಮನೆಗಳಲ್ಲಿ ಅಕ್ಕಿ, ಬೇಳೆ, ಸಾಸಿವೆಯನ್ನೂ ಬಿಡುತ್ತಾರೆ. ಕಿಟ್ನಿಯೋಟ್ ಅನ್ನುತ್ತಾರೆ. 2015ರಲ್ಲಿ ಅಮೆರಿಕದ ಕನ್ಸರ್ವೇಟಿವ್ ಅನ್ನುವ ಯಹೂದಿ ಪಂಥದ ಧರ್ಮಶಾಸ್ತ್ರ ಸಮಿತಿ ಇವನ್ನು ತಿನ್ನಬಹುದು ಅಂತ ಹೇಳಿತು. ನಮ್ಮ ಅತ್ತೆ ಮಾತ್ರ ತಮ್ಮ ಅಮ್ಮ ಮಾಡಿದ ಹಾಗೇ ಮಾಡುತ್ತಾರೆ, ನಾನು ಅವರ ಜೊತೆ. ಹಾಗಾಗಿ ಎಂಟು ದಿನ ಇಡ್ಲಿ ಇಲ್ಲ, ದೋಸೆ ಇಲ್ಲ, ಉಪ್ಪಿಟ್ಟಿಲ್ಲ, ಬ್ರೆಡ್ಡಿಲ್ಲ. ಇಂಗಿನ ಡಬ್ಬಿ ಕೂಡ ಇಲ್ಲ. ನಾವು ತರುವ ಇಂಗಿನಲ್ಲಿ ಗೋಧಿ ಹಿಟ್ಟು ಬೆರೆತಿರುತ್ತೆ ಅಂತ ನಾನು ಮೊದಲ ಸಲ ಲೇಬಲ್ ಓದಿದ್ದೇ ಈ ಹಬ್ಬಕ್ಕಾಗಿ. ಬೆಳಗಿನ ತಿಂಡಿ ಅಂತ ಉಳಿಯುವುದು ಮಾಟ್ಸಾ ಬ್ರೈ. ನೆನೆಸಿದ ಮಾಟ್ಸಾಗೆ ಮೊಟ್ಟೆ ಕಲಸಿ ಬೆಣ್ಣೆಯಲ್ಲಿ ಹುರಿಯುವುದು, ಅಷ್ಟೇ.

ನಾನು ಎಡವಿದ್ದು ಅಂಗಡಿಯಲ್ಲೇ. ಹೇಗೂ ಮೊಟ್ಟೆ ಹಾಕುವ ತಿಂಡಿ, ಮೊಟ್ಟೆ ಮಾಟ್ಸಾ ತಂದರೆ ರುಚಿ ಜಾಸ್ತಿ ಇರಬಹುದು ಅಂದುಕೊಂಡು ಎರಡು ಡಬ್ಬ ತಂದೆ. ಅತ್ತೆ ಡಬ್ಬ ತಿರುಗಿಸಿ ಓದಿದರು. "ಇದು ಕಾಯಿಲೆಯವರಿಗೆ, ವಯಸ್ಸಾದವರಿಗೆ, ಚಿಕ್ಕ ಮಕ್ಕಳಿಗೆ. ನನಗಿನ್ನೂ ಎಪ್ಪತ್ತನಾಲ್ಕು" ಅಂದರು. ಇದನ್ನು ನೀರಿನಲ್ಲಿ ಕಲಸುವುದಿಲ್ಲ, ಸೇಬಿನ ರಸ ಮತ್ತು ಮೊಟ್ಟೆಯಲ್ಲಿ ಕಲಸುತ್ತಾರೆ. ಅದಕ್ಕೇ ಅಶ್ಕೆನಾಜಿಗಳಲ್ಲಿ ಗಟ್ಟಿಮುಟ್ಟಾಗಿರುವವರು ಹಬ್ಬದಲ್ಲಿ ಇದನ್ನು ತಿನ್ನುವುದಿಲ್ಲ. ಈ ವಿಷಯ ಡಬ್ಬದ ಮೇಲೇ ಸಣ್ಣ ಅಕ್ಷರದಲ್ಲಿ ಇತ್ತು, ನಾನು ನೋಡಿರಲಿಲ್ಲ.

ತಂದದ್ದಾಗಿದೆ ಅಂತ ಮಕ್ಕಳಿಗೆ ಅದರಲ್ಲೇ ಬ್ರೈ ಮಾಡಿದೆ. ಈರುಳ್ಳಿ, ಮೆಣಸು ಹಾಕಿದ ತಿಂಡಿಯಲ್ಲಿ ಸೇಬಿನ ಸಿಹಿ ಎದ್ದು ಕಂಡಿತು. ನೀರು ತಾಕಿದ ಕೂಡಲೇ ಬಿಸ್ಕತ್ತಿನ ಹಾಗೆ ಕರಗಿತು. ಬಾಣಲೆಯಲ್ಲಿ ತುಂಡು ಅಂತ ಒಂದೂ ಉಳಿಯಲಿಲ್ಲ. ಹಾಗೇ ಒಣಗಿದ್ದನ್ನು ಕಾಫಿ ಜೊತೆ ತಿನ್ನಲು ಮಾತ್ರ ತುಂಬಾ ಚೆನ್ನ.

ಶ್ಮೂರಾ ಮಾಟ್ಸಾ ಬೇರೆ ಲೆಕ್ಕ. ಗೋಧಿ ಕೊಯ್ಲಿನಿಂದ ಹಿಡಿದು ಅದಕ್ಕೆ ನೀರು ತಾಕದ ಹಾಗೆ ಕಾವಲು ಕಾದು ಮಾಡುತ್ತಾರೆ. ಕೈಯಲ್ಲಿ ಲಟ್ಟಿಸುವುದರಿಂದ ದುಂಡಗೆ, ಅಲ್ಲಲ್ಲಿ ಸುಟ್ಟ ಕಪ್ಪು ಚುಕ್ಕೆ. ಮುರಿದರೆ ಒಲೆಯ ಹೊಗೆಯ ವಾಸನೆ. ಸೇಡರ್, ಅಂದರೆ ಹಬ್ಬ ಶುರುವಾಗುವ ರಾತ್ರಿಯ ಶಾಸ್ತ್ರದ ಊಟಕ್ಕೆ ನಮ್ಮ ಮನೆಯಲ್ಲಿ ಇದೇ ಬೇಕು. ಅದಕ್ಕೆ ಎಷ್ಟು ಕೊಟ್ಟರೂ ನನಗೆ ಬೇಜಾರಿಲ್ಲ. ನಾನು ಕೊಟ್ಟದ್ದು ಪೌಂಡಿಗೆ 30 ಡಾಲರ್. ಉಳಿದ ಚೂರುಗಳನ್ನು ಬ್ರೈಗೆ ಹಾಕಿದೆ. ಒಂದು ಕಡೆ ಹಪ್ಪಳದಷ್ಟು ತೆಳ್ಳಗೆ, ಇನ್ನೊಂದು ಕಡೆ ಚಪಾತಿಯ ಅಂಚಿನ ಹಾಗೆ ದಪ್ಪ. ತೆಳ್ಳಗಿನದು ಕರಗಿ ಹೋದರೂ ದಪ್ಪದ್ದು ಹಲ್ಲಿಗೆ ಸಿಗುತ್ತಿತ್ತು. ಸುಟ್ಟ ಚುಕ್ಕೆ ಮೊಟ್ಟೆಯಲ್ಲಿ ಕಹಿಯಾಯಿತು. ಅದನ್ನು ಸೇಡರಿಗೇ ಬಿಡಿ.

ಇನ್ನು ಸಾದಾ ಮಾಟ್ಸಾ. ಯಂತ್ರದಲ್ಲಿ ಮಾಡಿದ್ದು, ಹಾಳೆ ಒಂದಕ್ಕೆ ಸುಮಾರು 30 ಗ್ರಾಂ, ಎಲ್ಲಾ ಹಾಳೆಯೂ ಒಂದೇ ದಪ್ಪ. ಆ ಒಂದೇ ದಪ್ಪವೇ ಬ್ರೈಗೆ ಬೇಕಾದ ಗುಣ. ಅತ್ತೆ ಹುಟ್ಟಿ ಬೆಳೆದದ್ದು ನ್ಯೂಯಾರ್ಕಿನ ಲೋಯರ್ ಈಸ್ಟ್ ಸೈಡಿನಲ್ಲಿ. ಅಲ್ಲಿನ ರಿವಿಂಗ್ಟನ್ ಬೀದಿಯಲ್ಲಿ ಸ್ಟ್ರೈಟ್ಸ್ ಮಾಟ್ಸಾ ಕಾರ್ಖಾನೆ 1925ರಿಂದ 2015ರವರೆಗೆ ಇತ್ತು. ಚಿಕ್ಕವರಿದ್ದಾಗ ಅಪ್ಪನ ಕೈ ಹಿಡಿದು ಹೋಗಿ ಬಿಸಿ ಮಾಟ್ಸಾ ತಿನ್ನುತ್ತಿದ್ದರಂತೆ. ಅದನ್ನು ಹೇಳುವಾಗ ಈಗಲೂ ಅವರ ಕೈ ಬೆಚ್ಚಗಿನದೇನೋ ಹಿಡಿದುಕೊಂಡ ಹಾಗೆ ಮಡಚಿಕೊಳ್ಳುತ್ತೆ.

ಆದರೆ ಸಾದಾ ಮಾಟ್ಸಾ ತಂದರೂ ತಲೆನೋವು ಒಂದು ಇದ್ದೇ ಇದೆ. ನೆನೆಸುವುದು. ಇದರಲ್ಲೇ ನನ್ನ ಅರ್ಧ ಹಬ್ಬ ಕಳೆಯಿತು. ಶನಿವಾರ ಯಹೂದಿಗಳ ವಿಶ್ರಾಂತಿಯ ದಿನ, ನಮ್ಮ ಮನೆಯಲ್ಲಿ ಅಡುಗೆ ಮಾಡುವುದಿಲ್ಲ, ಉಳಿದ ಏಳು ಬೆಳಗ್ಗೆಯಲ್ಲಿ ಮೊದಲ ಮೂರು ಕೆಟ್ಟವು.

ಮೊದಲನೇ ದಿನ ಅತ್ತೆಯ ಪದ್ಧತಿ. ಮಾಟ್ಸಾ ಮುರಿದು ಪಾತ್ರೆಗೆ ಹಾಕಿ, ಮೇಲೆ ಕುದಿಯುವ ನೀರು ಸುರಿದು, ತಕ್ಷಣ ಬಸಿಯುವುದು. ಅವರ ಕೈಗೆ ಅರವತ್ತು ವರ್ಷದ ಅಭ್ಯಾಸ. ನಾನು ನೀರು ಸುರಿದೆ, ಅಷ್ಟರಲ್ಲಿ ಮಗ ಕರೆದ, ಹೋಗಿ ಬರುವಷ್ಟರಲ್ಲಿ ಎರಡು ನಿಮಿಷ ಆಯಿತು. ಪಾತ್ರೆಯಲ್ಲಿ ಅಂಬಲಿ ಕೂತಿತ್ತು. ಕೈಯಲ್ಲಿ ಹಿಂಡಿದೆ, ಬೆರಳ ಸಂದಿಯಿಂದ ಬಿಳಿ ಹಿಟ್ಟು ಬಂತು. ಮೊಟ್ಟೆ ಹಾಕಿ ಹುರಿದರೆ ನೀರು ಚಟಪಟ ಅಂತು, ಬಣ್ಣ ಮಾತ್ರ ಬರಲೇ ಇಲ್ಲ. ಬ್ರೈ ಅಂದರೆ ಜರ್ಮನ್ ಮಾತಿನಲ್ಲಿ ಗಂಜಿ ಅಂತಲೇ ಅರ್ಥವಂತೆ. ಆದರೂ ತಟ್ಟೆಯಲ್ಲಿ ಗಂಜಿ ಯಾರಿಗೂ ಬೇಕಿರಲಿಲ್ಲ.

ಎರಡನೇ ದಿನ ಹೆದರಿ ನೆನೆಸಲೇ ಇಲ್ಲ. ಒಣ ಚೂರುಗಳನ್ನು ನೇರವಾಗಿ ಮೊಟ್ಟೆಗೆ ಹಾಕಿದೆ. ಮೊಟ್ಟೆಯೆಲ್ಲ ಅದೇ ಕುಡಿದುಬಿಟ್ಟಿತು. ಹೊರಗೆ ಕೆಂಪಗಾದರೂ ಒಳಗೆ ಹಸಿ ಹಪ್ಪಳ ಅಗಿದ ಹಾಗೆ. ಮೂರನೇ ದಿನ ಹಾಲು. ಹಾಲಿನ ಸಿಹಿಗೆ ಬಾಣಲೆ ಬೇಗ ಹಿಡಿಯಿತು, ಅಡಿ ಸೀದಿತು. ದಾಲ್ಚಿನ್ನಿ, ಸಕ್ಕರೆ ಹಾಕಿ ತಿನ್ನುವವರಿಗೆ ಹಾಲು ಸರಿಹೋಗಬಹುದು. ನಮಗೆ ಖಾರದ್ದೇ ಬೇಕು.

ದಾರಿ ತೋರಿಸಿದ್ದು ಅಮ್ಮ. ಅವಳಿಗೆ ಮೊಟ್ಟೆ ಆಗುವುದಿಲ್ಲ, ಆದರೂ ದಿನಾ ಪಕ್ಕದಲ್ಲಿ ನಿಂತು ನೋಡುತ್ತಿದ್ದಳು. ನಾಲ್ಕನೇ ದಿನ ನನ್ನ ಕೈಯಿಂದ ಮಾಟ್ಸಾ ತೆಗೆದುಕೊಂಡಳು. "ತೆಳು ಅವಲಕ್ಕಿ ನೀನು ನೆನೆಹಾಕ್ತೀಯೇನೇ? ತೊಳೆದು ಬಸಿದು ಇಡೋದು ತಾನೇ? ಇದೂ ಅದೇ ಜಾತಿ" ಅಂದಳು.

ಹಾಗೇ ಮಾಡಿದೆವು. ಇಡೀ ಹಾಳೆಯನ್ನು ತಣ್ಣೀರಿನ ನಲ್ಲಿ ಕೆಳಗೆ ಹಿಡಿಯಬೇಕು. ಒಂದು ಮಗ್ಗುಲು ಎಂಟು ಎಣಿಸುವಷ್ಟು, ಇನ್ನೊಂದು ಮಗ್ಗುಲು ಎಂಟು. ಹಾಳೆಯ ಉದ್ದಕ್ಕೂ ತೂತಿನ ಸಾಲುಗಳಿವೆ. ಸುಡುವಾಗ ಉಬ್ಬದಿರಲಿ ಅಂತ ಚುಚ್ಚಿದ್ದು. ನೀರು ಆ ತೂತುಗಳಲ್ಲೇ ಇಳಿಯುವುದು ಕಾಣುತ್ತೆ, ಸುತ್ತ ಸಣ್ಣ ಉಂಗುರದ ಹಾಗೆ ಬಣ್ಣ ಬದಲಾಗುತ್ತೆ. ಆಮೇಲೆ ಆ ಸಾಲಿನ ಗುಂಟ ಮುರಿದರೆ ನೆಟ್ಟಗೆ ಪಟ್ಟಿ ಬರುತ್ತೆ. ಅಡ್ಡಕ್ಕೆ ಮುರಿಯಲು ಹೋದರೆ ಚಿಂದಿ. ಚೂರುಗಳನ್ನು ತೂತಿನ ಬುಟ್ಟಿಯಲ್ಲಿ ನಾಲ್ಕು ನಿಮಿಷ ಸುಮ್ನೆ ಬಿಡಿ. ಮೇಲಿದ್ದ ತೇವ ಒಳಕ್ಕೆ ತಾನಾಗಿ ಹರಡಿಕೊಳ್ಳುತ್ತೆ. ಒಂದು ಚೂರನ್ನು ಬೆರಳಲ್ಲಿ ಹಿಸುಕಿ ನೋಡಿ. ಅಂಚು ಬಾಗಬೇಕು, ನಡು ಇನ್ನೂ ಸ್ವಲ್ಪ ಬಿಗಿ ಇರಬೇಕು. ಉಳಿದ ಬಿಗಿಯನ್ನು ಮೊಟ್ಟೆ ಬಿಡಿಸುತ್ತೆ.

ಅವತ್ತು ಬ್ರೈ ಬಂತು. ಅಂಚು ಗರಿಗರಿ, ಒಳಗೆ ಮೆತ್ತಗೆ, ಚೂರು ಚೂರು ಬೇರೆ ಬೇರೆ. ಅತ್ತೆ ಏನೂ ಹೇಳಲಿಲ್ಲ. ಎರಡನೇ ಸಲ ಬಡಿಸಿಕೊಂಡರು.

ನನ್ನ ಅಳತೆ ಇಬ್ಬರಿಗೆ ಎರಡು ಹಾಳೆ, ಮೂರು ಮೊಟ್ಟೆ. ಈರುಳ್ಳಿ ಕೆಂಪಗೆ ಹುರಿದು ತೆಗೆದಿಟ್ಟು ಕೊನೆಗೆ ಸೇರಿಸಿ. ಮೆಣಸು ಆಗಲೇ ಕುಟ್ಟಿ ಹಾಕಿ. ಬೆಣ್ಣೆಯ ಬದಲು ನಾನು ಪಾಸೋವರ್ ಮುದ್ರೆಯ ಬೆಣ್ಣೆ ತಂದು ಮನೆಯಲ್ಲೇ ತುಪ್ಪ ಕಾಯಿಸಿದೆ. ಅದು ಬೇಗ ಸೀಯುವುದಿಲ್ಲ. ಕೋಳಿ ಕೊಬ್ಬಿನಲ್ಲಿ ಹುರಿಯುವವರೂ ಇದ್ದಾರೆ. ಯಹೂದಿ ಪದ್ಧತಿಯಲ್ಲಿ ಮಾಂಸದ ಜೊತೆ ಹಾಲು ಮೊಸರು ನಡೆಯುವುದಿಲ್ಲ, ನನಗೆ ಬೆಳಗ್ಗೆ ಕಾಫಿ ಬೇಕೇ ಬೇಕು.

ಬುರ್ಜಿಯ ಹಾಗೆ ಕೆದಕುವುದೋ, ದಪ್ಪ ದೋಸೆಯ ಹಾಗೆ ಹುಯ್ದು ಮಗುಚುವುದೋ ಅಂತ ಗಂಡನ ಮನೆಯಲ್ಲಿ ಎರಡು ಪಕ್ಷ. ಹಬ್ಬದ ಬಾಣಲೆ ಬೇರೆಯೇ ಇರುತ್ತೆ, ವರ್ಷವೆಲ್ಲ ನೆಲಮಾಳಿಗೆಯ ಪೆಟ್ಟಿಗೆಯಲ್ಲಿ. ನಮ್ಮದು ತೆಳ್ಳಗಿನದು, ಅದರಲ್ಲಿ ದೋಸೆ ಥರ ಮಗುಚಿದರೆ ನಡು ಬೇಯುವ ಮೊದಲೇ ಅಡಿ ಕರಿ. ನಾನು ಬುರ್ಜಿ ಪಕ್ಷ.

ಅಮ್ಮನಿಗಾಗಿ ಮೊಟ್ಟೆ ಇಲ್ಲದೆಯೂ ಮಾಡಿದೆ. ಅದೇ ತೊಳೆದ ಸಾದಾ ಮಾಟ್ಸಾ, ತುಪ್ಪದಲ್ಲಿ ಹಸಿಮೆಣಸಿನಕಾಯಿ, ಈರುಳ್ಳಿ, ಮೇಲೆ ತೆಂಗಿನ ತುರಿ, ಕೊತ್ತಂಬರಿ ಸೊಪ್ಪು, ನಿಂಬೆಹಣ್ಣು. ಸಾಸಿವೆ ಇಲ್ಲ, ಕಡ್ಲೆಬೇಳೆ ಇಲ್ಲ. ತೆರೆದಿಟ್ಟ ಡಬ್ಬಿ ಅಂತ ಅರಿಶಿನವೂ ಇಲ್ಲ. ಬಿಳಿ ಅವಲಕ್ಕಿ ಒಗ್ಗರಣೆಯ ಹಾಗೆ ಕಂಡಿತು. ಮೊಟ್ಟೆ ಮಾಟ್ಸಾ ಅಮ್ಮನಿಗೆ ಮೊದಲೇ ಆಗುವುದಿಲ್ಲ. ಅದೂ ನನ್ನ ತೀರ್ಮಾನಕ್ಕೆ ಒಂದು ಕಾರಣ.

ಇನ್ನು ಖರ್ಚು. ಹಬ್ಬದ ಮುಂಚೆ ಸೂಪರ್ ಮಾರ್ಕೆಟ್ಟುಗಳಲ್ಲಿ ಸಾದಾ ಮಾಟ್ಸಾದ ಐದು ಪೌಂಡಿನ ಕಟ್ಟು ತುಂಬಾ ಕಡಿಮೆಗೆ ಬರುತ್ತೆ. ನಾಲ್ಕೈದು ಜನರ ಮನೆಗೆ ಎಂಟು ದಿನಕ್ಕೆ ಒಂದು ಕಟ್ಟು ಸಾಕು. ಡಬ್ಬದ ಮೇಲೆ 'ಪಾಸೋವರಿಗೆ ಕೋಶರ್', ಅಂದರೆ ಹಬ್ಬಕ್ಕೆ ನಡೆಯುತ್ತೆ ಅಂತ ಇದೆಯಾ ನೋಡಿ. ವರ್ಷವೆಲ್ಲ ಮಾರುವ, ಹಬ್ಬಕ್ಕೆ ಆಗದ ಮಾಟ್ಸಾನೂ ಅದರ ಹಾಗೇ ಕಾಣುತ್ತೆ. ನಿಮ್ಮ ಮನೆಯಲ್ಲಿ ಎಲ್ಲರಿಗೂ ಸಿಹಿ ತಿಂಡಿಯೇ ಇಷ್ಟ, ಮಕ್ಕಳೇ ಜಾಸ್ತಿ ಅಂದರೆ ಮೊಟ್ಟೆ ಮಾಟ್ಸಾ ಒಂದು ಡಬ್ಬ ತನ್ನಿ, ಎರಡು ಬೇಡ.

ನಮ್ಮ ಪಕ್ಕದ ಮನೆಯವರು ಹಸಿಡಿಕ್ ಪದ್ಧತಿಯವರು, ಯಹೂದಿಗಳಲ್ಲೇ ಬಹಳ ಮಡಿಯವರು. ಏಳು ದಿನ ಮಾಟ್ಸಾಗೆ ನೀರೇ ತಾಕಿಸುವುದಿಲ್ಲ. ಮುರಿದ ಚೂರಿನಲ್ಲಿ ಬೇಯದ ಹಿಟ್ಟು ಉಳಿದಿದ್ದರೆ ನೀರು ಬಿದ್ದು ಹುಳಿ ಬಂದೀತು ಅನ್ನುವ ಎಚ್ಚರ. ಎಂಟನೇ ದಿನ ಮಾತ್ರ ನಡೆಯುತ್ತೆ. ಆ ಮನೆಯಾಕೆಗೆ ನಲ್ಲಿಯ ಉಪಾಯ ಬೇಲಿಯ ಆಚೆಯಿಂದಲೇ ಹೇಳಿಕೊಟ್ಟೆ. ಅವರ ಮಕ್ಕಳು ವರ್ಷಕ್ಕೆ ಒಂದೇ ಬೆಳಗ್ಗೆ ಬ್ರೈ ತಿನ್ನುವುದು, ಅದು ಅಂಬಲಿ ಆಗಬಾರದು ಅಲ್ವಾ?

ಅಮ್ಮ ವಾಪಸು ಹೋಗುವಾಗ ಉಳಿದಿದ್ದ ಸಾದಾ ಮಾಟ್ಸಾದ ಒಂದು ಡಬ್ಬವನ್ನು ಸೀರೆಗಳ ನಡುವೆ ಇಟ್ಟುಕೊಂಡು ಹೋದಳು. ಮೈಸೂರಿನಲ್ಲಿ ನಲ್ಲಿ ನೀರಲ್ಲಿ ತೊಳೆದು, ಸಾಸಿವೆ, ಕಡ್ಲೆಬೇಳೆ, ಇಂಗು ಎಲ್ಲಾ ಹಾಕಿ ಒಗ್ಗರಣೆ ಕೊಟ್ಟಳಂತೆ. ಅರ್ಧ ಚೂರಾಗಿದ್ದರೂ ಒಂದೂ ಮುದ್ದೆ ಆಗಲಿಲ್ಲವಂತೆ.