ಬ್ಯಾಲೆನ್ಸ್ ಕೈಗೆ ಬರದೆ ಡಬ್ಬಿಂಗ್ ಮಾಡಬೇಡಿ, ನಾನು ಮಾಡಿ ಕೂತಿದ್ದೇನೆ

ಸಿನಿಮಾದಲ್ಲಿ ಪೋಷಕ ಪಾತ್ರ ಮಾಡಿಕೊಂಡು 16 ವರ್ಷ ಆಯಿತು. ಅಪ್ಪ, ಮಾವ, ಲಾಯರ್, ಇನ್‌ಸ್ಪೆಕ್ಟರ್. ಹೊಸಬರು ಸಿಕ್ಕಾಗಲೆಲ್ಲ ಒಂದೇ ಮಾತು ಹೇಳುತ್ತಿದ್ದೆ: ಬ್ಯಾಲೆನ್ಸ್, ಅಂದರೆ ಬಾಕಿ ಹಣ, ಬರದೆ ಡಬ್ಬಿಂಗ್ ಮೈಕ್ ಮುಂದೆ ನಿಲ್ಲಬೇಡಿ. ಅಂಥ ನಾನೇ ನಿಂತೆ. ಬರೆಯೋಕೂ ನಾಚಿಕೆ ಆಗುತ್ತಿದೆ.

ನಾಯಕನ ಅಪ್ಪನ ಪಾತ್ರ. 20 ದಿನದ ಡೇಟ್ಸ್ ಕೇಳಿದರು, ಕೊಟ್ಟೆ. ಮಾತಾಡಿದ ಹಣದಲ್ಲಿ ಕಾಲು ಭಾಗ ಅಡ್ವಾನ್ಸ್. ಅಗ್ರಿಮೆಂಟ್ ಕೇಳಿದ್ದಕ್ಕೆ ಮ್ಯಾನೇಜರ್ ನಕ್ಕ. "ಏನ್ ಸಾರ್, ನಮ್ಮ ನಿಮ್ಮ ಮಧ್ಯೆ ಪೇಪರ್ ಬೇಕಾ?" ಬೇಕಿತ್ತು! 11 ದಿನ ಶೂಟಿಂಗ್ ಆಯಿತು. ಉಳಿದದ್ದು ಮುಂದಿನ ಶೆಡ್ಯೂಲ್‌ನಲ್ಲಿ, ಎಲ್ಲ ಸೀನಲ್ಲೂ ಒಂದೇ ಥರ ಕಾಣಬೇಕು, ಕಂಟಿನ್ಯೂಟಿಗೆ ಗಡ್ಡ ತೆಗೆಯಬೇಡಿ ಅಂದರು. ಮೂರು ತಿಂಗಳು ಆ ಗಡ್ಡ ಹೊತ್ತು ತಿರುಗಿದೆ. ಅದರಿಂದಲೇ ಒಂದು ಪೊಲೀಸ್ ಪಾತ್ರ ಕೈತಪ್ಪಿತು. ಶೆಡ್ಯೂಲ್ ಬರಲೇ ಇಲ್ಲ, ನೇರ ಡಬ್ಬಿಂಗ್‌ಗೆ ಕರೆದರು.

ನಮ್ಮಂಥವರಿಗೆ ಇರುವ ಹಿಡಿತ ಅದೊಂದೇ ಅಲ್ವಾ? ಶೂಟಿಂಗ್ ಮುಗಿದ ಮೇಲೆ ಮುಖ ಅವರ ಹತ್ತಿರ ಇರುತ್ತೆ, ದನಿ ಮಾತ್ರ ನಮ್ಮ ಹತ್ತಿರ. "ಚೆಕ್ ರೆಡಿ ಇದೆ ಸಾರ್, ಒಂದು ಸೈನ್ ಬಾಕಿ. ನೀವು ಶುರು ಮಾಡಿ, ಮುಗಿಯೋದ್ರೊಳಗೆ ತರಿಸ್ತೀನಿ" ಅಂದ ಮ್ಯಾನೇಜರ್. ಗಾಜಿನ ಆಚೆ ನಿಂತು ಹೆಬ್ಬೆರಳು ಬೇರೆ ಎತ್ತಿ ತೋರಿಸಿದ. ಮನೆ ಬಿಟ್ಟು ಹೋದ ಮಗನನ್ನು ನೆನೆದು ಅಳುವ ಸೀನ್. ನಾಲ್ಕು ಸಲ ಅತ್ತೆ. ನಾಲ್ಕನೇ ಟೇಕ್ ಓಕೆ ಆಯಿತು. ಹೆಡ್‌ಫೋನ್ ತೆಗೆದು ನೋಡಿದರೆ ಆ ಮನುಷ್ಯ ಇಲ್ಲ. ಕುರ್ಚಿ ಮೇಲೆ ಅರ್ಧ ಕುಡಿದ ನೀರಿನ ಬಾಟಲಿ. ಆಗಲೇ ಗೊತ್ತಾಯಿತು. ಆದರೂ ಒಂದು ಗಂಟೆ ಕಾದೆ, ಸುಮ್ನೆ.

ಆಮೇಲೆ ಬರೀ ಫೋನ್. "ಮೀಟಿಂಗ್‌ನಲ್ಲಿದ್ದೀನಿ ಸಾರ್." "ರಿಲೀಸ್ ಆಗಲಿ ಸಾರ್." "ನಿಮ್ಮಂಥ ಸೀನಿಯರ್ರೇ ದುಡ್ಡು ದುಡ್ಡು ಅಂದ್ರೆ ಹೇಗೆ ಸಾರ್?" ರಿಲೀಸ್ ದಿನ ನನ್ನ ದುಡ್ಡಲ್ಲೇ ಟಿಕೆಟ್ ತೆಗೆದು ನೋಡಿದೆ. ಉಳಿದದ್ದು ಎರಡು ಸೀನ್. ಒಂದರಲ್ಲಿ ಬರೀ ನನ್ನ ಬೆನ್ನು. ಅಳುವ ಸೀನ್ ಇಲ್ಲವೇ ಇಲ್ಲ. ಮತ್ತೆ ಫೋನ್ ಮಾಡಿದರೆ, "ನಿಮ್ಮ ಟ್ರ್ಯಾಕೇ ಕಟ್ ಆಗಿದೆಯಲ್ಲ ಸಾರ್, ಇನ್ಯಾವ ಬ್ಯಾಲೆನ್ಸ್?"

ಎಡಿಟಿಂಗ್ ಅವರಿಷ್ಟ, ಒಪ್ಪುತ್ತೇನೆ. ನಾನು ನಿಂತ 11 ದಿನವೂ ಕಟ್ ಆಗುತ್ತಾ?

ನಮ್ಮನ್ನು ಒಂದು ಮೆಟ್ಟಿಲು ಕೆಳಗೆ ನಿಲ್ಲಿಸೋದು ಹಳೇ ಚಾಳಿ ಬಿಡಿ. ಆಸ್ಕರ್‌ನವರು 1937ರಲ್ಲಿ ಮೊದಲ ಸಲ ಪೋಷಕ ನಟರಿಗೆ ಪ್ರಶಸ್ತಿ ಕೊಟ್ಟಾಗ ನಾಯಕನಟನಿಗೆ ಪ್ರತಿಮೆ, ಪೋಷಕ ನಟ ವಾಲ್ಟರ್ ಬ್ರೆನನ್‌ಗೆ ಬರೀ ಫಲಕ. ಆತನಿಗೆ ಫಲಕವಾದರೂ ಸಿಕ್ಕಿತು.

ಎಷ್ಟು ದಿನ, ಎಷ್ಟು ಹಣ ಅಂತ ಬರೆಸಿಕೊಳ್ಳಿ. ಗಡ್ಡ ಬಿಡಿ ಅಂದರೆ ಅದಕ್ಕೂ ದುಡ್ಡು ಕೇಳಿ. ಡಬ್ಬಿಂಗ್ ದಿನ ಹಣ ಬಂದ ಮೆಸೇಜ್ ಮೊಬೈಲ್‌ನಲ್ಲಿ ನೋಡಿ, ಆಮೇಲೆ ಒಳಗೆ ಹೋಗಿ. ಸಂಕೋಚ ಬೇಡವೇ ಬೇಡ.

ನಿನ್ನೆ ಅದೇ ಮ್ಯಾನೇಜರ್ ಫೋನ್ ಮಾಡಿದ್ದ. ಹೊಸ ಸಿನಿಮಾ, ಮತ್ತೆ ಅಪ್ಪನ ಪಾತ್ರ. "ಗಡ್ಡ ಇನ್ನೂ ಇದೆಯಾ ಸಾರ್?" ಅಂತ ಕೇಳಿದ.